ಓದಿಗೆ ಕೊಡುವ ದುಡ್ಡು: ಪದೇ ಪದೇ ಕೇಳುವ ಪ್ರಶ್ನೆಗಳು

ಮುಂಬೈಯ ಉಪನಗರವೊಂದರ ಕನ್ನಡ ಸಂಘದಲ್ಲಿ ವಿದ್ಯಾರ್ಥಿವೇತನ ಸಮಿತಿಯ ಲೆಕ್ಕ ನೋಡಿಕೊಳ್ಳುವ ಕೆಲಸ ನನ್ನ ಕೊರಳಿಗೆ ಬಿದ್ದು ಹನ್ನೊಂದು ವರ್ಷವಾಯಿತು. ಜೂನ್ ಬಂತೆಂದರೆ ಒಂದು ಕಡೆ ಅರ್ಜಿ ಹಿಡಿದ ತಾಯಂದಿರು, ಇನ್ನೊಂದು ಕಡೆ ಚೆಕ್ ಹಿಡಿದ ದಾನಿಗಳು. ಎರಡೂ ಕಡೆಯವರ ಪ್ರಶ್ನೆಗಳು ಪ್ರತಿವರ್ಷ ಹೆಚ್ಚುಕಡಿಮೆ ಅವೇ. ಫೋನಿನಲ್ಲಿ ಹೇಳಿ ಹೇಳಿ ಗಂಟಲು ಕಟ್ಟಿದ ಮೇಲೆ ಬರೆದಿಡುವುದೇ ವಾಸಿ ಎನಿಸಿತು. ಉತ್ತರಗಳಲ್ಲಿ ನನ್ನ ಅಭಿಪ್ರಾಯಗಳೂ ಬೆರೆತಿವೆ. ಅವನ್ನು ಸಂಘದ ನಿರ್ಣಯವೆಂದು ಯಾರೂ ತಿಳಿಯಬಾರದು.

ತೆರಿಗೆ ಕಟ್ಟುತ್ತೇವಲ್ಲ, ಮಕ್ಕಳನ್ನು ಓದಿಸುವುದು ಸರ್ಕಾರದ ಕೆಲಸವಲ್ಲವೇ? ನಾವೇಕೆ ಕೊಡಬೇಕು?

ಸರ್ಕಾರದ ಕೆಲಸವೇ. 2002ರಲ್ಲಿ ಸಂವಿಧಾನಕ್ಕೆ ಆದ 86ನೆಯ ತಿದ್ದುಪಡಿ ಮತ್ತು 2009ರ ಶಿಕ್ಷಣ ಹಕ್ಕು ಕಾಯ್ದೆ, 6ರಿಂದ 14 ವರ್ಷದ ಮಕ್ಕಳ ಉಚಿತ ಶಿಕ್ಷಣವನ್ನು ಸರ್ಕಾರದ ಹೊಣೆಯಾಗಿ ಮಾಡಿವೆ. ಆ ಹೊಣೆಯನ್ನು ಯಾವ ಶ್ರೀಮಂತನೂ ಹೊರಲಾರ. ಒಂದು ಉದಾಹರಣೆ ನೋಡಿ. 2024ರಲ್ಲಿ ಅಜೀಂ ಪ್ರೇಮ್‌ಜಿ ಫೌಂಡೇಷನ್ ಕರ್ನಾಟಕದ ಶಾಲಾಮಕ್ಕಳಿಗೆ ಮೊಟ್ಟೆ ಕೊಡಲು ಮೂರು ವರ್ಷಕ್ಕೆ ಸುಮಾರು 1,500 ಕೋಟಿ ರೂಪಾಯಿಯ ಒಪ್ಪಂದ ಮಾಡಿಕೊಂಡಿತು. ವಾರದಲ್ಲಿ ಎರಡು ದಿನ ಸಿಗುತ್ತಿದ್ದ ಮೊಟ್ಟೆ ಆರು ದಿನಕ್ಕೇರಿತು. ಅಷ್ಟು ದೊಡ್ಡ ಮೊತ್ತವಾದರೂ ಅದು ತಟ್ಟೆಯಲ್ಲಿರುವ ಮೊಟ್ಟೆಯಷ್ಟೇ. ಅನ್ನ, ಸಾರು, ಅಡುಗೆಯವರು, ಶಾಲೆ, ಮೇಷ್ಟರು ಎಲ್ಲವೂ ಸರ್ಕಾರದ ಲೆಕ್ಕದಲ್ಲೇ ಇವೆ.

ಹಾಗಾದರೆ ನಮ್ಮ ಜಾಗ ಎಲ್ಲಿ? ಕಾನೂನು ಮುಗಿಯುವಲ್ಲಿ. ಹದಿನಾಲ್ಕು ತುಂಬಿದ ಹುಡುಗಿ ಹತ್ತನೆಯ ತರಗತಿ ಪಾಸಾಗಿ ಜೂನಿಯರ್ ಕಾಲೇಜಿಗೆ ಹೊರಟಾಗ ಶುಲ್ಕ ಬೇಕು, ಲೋಕಲ್ ರೈಲಿನ ಪಾಸು ಬೇಕು, ಕಣ್ಣಿಗೆ ಕನ್ನಡಕ ಬೇಕು. ನಮಗೆ ಬರುವ ಅರ್ಜಿಗಳಲ್ಲಿ ಓದು ನಿಲ್ಲುವುದು ಹೆಚ್ಚಾಗಿ ದೊಡ್ಡ ಖರ್ಚಿನಿಂದಲ್ಲ, ಇಂಥ ಮೂರುನಾಲ್ಕು ಸಣ್ಣ ಖರ್ಚುಗಳು ಒಂದೇ ತಿಂಗಳಲ್ಲಿ ಬಂದು ನಿಲ್ಲುವುದರಿಂದ.

ಮುಂಬೈಯ ವಿದ್ಯಾಸಂಸ್ಥೆಗಳು ದಾನಿಗಳಿಂದಲೇ ಬೆಳೆದವು ಎನ್ನುವುದು ನಿಜವೇ?

ಬಹುಮಟ್ಟಿಗೆ ನಿಜ. ಗವರ್ನರ್ ಎಲ್ಫಿನ್‌ಸ್ಟನ್ 1827ರಲ್ಲಿ ಹೊರಟುನಿಂತಾಗ ಊರಿನವರು ಅವನ ಹೆಸರಿನಲ್ಲಿ ಎರಡು ಲಕ್ಷಕ್ಕೂ ಹೆಚ್ಚು ರೂಪಾಯಿ ಕೂಡಿಸಿದರು. ಆ ಹಣ ಬೆಳೆದು ಎಲ್ಫಿನ್‌ಸ್ಟನ್ ಕಾಲೇಜಾಯಿತು. ಜಮ್ಷೆಟ್‌ಜಿ ಜೀಜೀಭಾಯ್ ಕೊಟ್ಟ ಒಂದು ಲಕ್ಷ ರೂಪಾಯಿಯಿಂದ 1857ರಲ್ಲಿ ಜೆ.ಜೆ. ಕಲಾಶಾಲೆ ಬಂತು. ಅದೇ ವರ್ಷ ಹುಟ್ಟಿದ ಮುಂಬೈ ವಿಶ್ವವಿದ್ಯಾಲಯಕ್ಕೆ ಘಟಿಕೋತ್ಸವ ಭವನ ಕಟ್ಟಲು ಕಾವಸ್‌ಜಿ ಜಹಾಂಗೀರ್ ಒಂದು ಲಕ್ಷ ಕೊಟ್ಟರು. ಪ್ರೇಮ್‌ಚಂದ್ ರಾಯ್‌ಚಂದ್ ಗ್ರಂಥಾಲಯಕ್ಕೆ ಎರಡು ಲಕ್ಷ, ತಾಯಿ ರಾಜಾಬಾಯಿಯ ಹೆಸರಿನ ಗಡಿಯಾರ ಗೋಪುರಕ್ಕೆ ಇನ್ನೆರಡು ಲಕ್ಷ ಕೊಟ್ಟರು.

ಪ್ರೇಮ್‌ಚಂದರ ಕಥೆ ನನಗೆ ಇಷ್ಟ. ಅಮೆರಿಕದ ಅಂತರ್ಯುದ್ಧದಿಂದ ಅಲ್ಲಿನ ಹತ್ತಿ ಇಂಗ್ಲೆಂಡಿಗೆ ಹೋಗುವುದು ನಿಂತಾಗ ಮುಂಬೈಯ ಹತ್ತಿಗೆ ಬಂಗಾರದ ಬೆಲೆ ಬಂದಿತ್ತು. ಆ ಅಮಲಿನಲ್ಲಿ ಷೇರುಗಳ ಹುಚ್ಚು ಹತ್ತಿತು. ಊರಿನ ಷೇರುಪೇಟೆಯ ದೊರೆ ಪ್ರೇಮ್‌ಚಂದ್. ಗೋಪುರದ ಹಣವನ್ನು ಅವರು 1864ರಲ್ಲಿ ಕೊಟ್ಟರು. 1865ರಲ್ಲಿ ಯುದ್ಧ ಮುಗಿಯಿತು, ಹತ್ತಿಯ ಬೆಲೆ ಕುಸಿಯಿತು, ಅವರ ಸಂಪತ್ತೂ ಹೋಯಿತು. 1878ರಲ್ಲಿ ಗೋಪುರ ಪೂರ್ತಿಯಾಯಿತು. ಹಣ ಅಷ್ಟರಲ್ಲಿ ಅವರದಾಗಿ ಉಳಿದಿರಲಿಲ್ಲವಾದ್ದರಿಂದ ಅದು ಮುಳುಗಲಿಲ್ಲ. ಕೊಟ್ಟ ಮೇಲೂ ದಾರದ ತುದಿಯನ್ನು ಕೈಯಲ್ಲಿ ಹಿಡಿದುಕೊಳ್ಳುವ ಇಂದಿನ ಕೆಲವು ದಾನಿಗಳಿಗೆ ನಾನು ಈ ಕಥೆ ಹೇಳುವುದುಂಟು.

ಆದರೆ ಕಲ್ಲಿನ ಕಟ್ಟಡಗಳು ಅರ್ಧ ಕಥೆ ಮಾತ್ರ. 1854ರ ವುಡ್ ಅವರ ಶಿಕ್ಷಣ ಆದೇಶ ಖಾಸಗಿಯವರು ತೆರೆದ ಶಾಲೆಗಳಿಗೆ ಸರ್ಕಾರ ಸಹಾಯಧನ ಕೊಡುವ ಪದ್ಧತಿಯನ್ನು ತಂದಿತು. ಶಾಲೆಗಳು ವರ್ಷಗಟ್ಟಲೆ ನಡೆಯಲು ಈ ಅನುದಾನ ಬೇಕಾಯಿತು. ಪುಣೆಯಲ್ಲಿ ಇನ್ನೊಂದು ಬಗೆಯ ದಾನ ಕಾಣುತ್ತದೆ. 1880ರಲ್ಲಿ ನ್ಯೂ ಇಂಗ್ಲಿಷ್ ಸ್ಕೂಲ್, 1885ರಲ್ಲಿ ಫರ್ಗ್ಯುಸನ್ ಕಾಲೇಜು ತೆರೆದವರ ಕೈಯಲ್ಲಿ ಹಣವಿರಲಿಲ್ಲ. ಬೇರೆಡೆ ಸಿಗಬಹುದಾಗಿದ್ದ ದೊಡ್ಡ ಸಂಬಳ ಬಿಟ್ಟು, ಸಣ್ಣ ಸಂಬಳಕ್ಕೆ ಆಜೀವ ಸದಸ್ಯರಾಗಿ ದುಡಿದರು. ಅಲ್ಲಿ ದಾನಿಗಳು ಮೇಷ್ಟರೇ. ಆಗ ಬೆಳಗಾವಿ, ಧಾರವಾಡಗಳೂ ಮುಂಬೈ ಪ್ರಾಂತದಲ್ಲೇ ಇದ್ದವು. 1916ರಲ್ಲಿ ಬೆಳಗಾವಿಯ ಏಳು ಮಂದಿ ಶಿಕ್ಷಕರು ಕೆ.ಎಲ್.ಇ. ಸಂಸ್ಥೆ ಕಟ್ಟಿದ್ದೂ ಇಂಥದೇ ದಾನದಿಂದ. ಸಂಸ್ಥಾನವನ್ನೇ ವಿದ್ಯೆಗೆ ಬರೆದಿಟ್ಟು 1906ರಲ್ಲಿ ತೀರಿಕೊಂಡ ಸಿರಸಂಗಿ ಲಿಂಗರಾಜರ ಹೆಸರು ಮುಂದೆ ಬೆಳಗಾವಿಯ ಕಾಲೇಜಿಗೆ ಬಂತು. ಅದೇ 1916ರಲ್ಲಿ ಧೋಂಡೋ ಕೇಶವ ಕರ್ವೆ ಪುಣೆಯಲ್ಲಿ ಮಹಿಳಾ ವಿಶ್ವವಿದ್ಯಾಲಯ ಆರಂಭಿಸಿದರು. ನಾಲ್ಕು ವರ್ಷಗಳ ಬಳಿಕ ವಿಠ್ಠಲದಾಸ ಠಾಕರಸಿ 15 ಲಕ್ಷ ರೂಪಾಯಿ ಕೊಟ್ಟರು, ತಾಯಿಯ ಹೆಸರಿಟ್ಟರು. ಚರ್ಚ್‌ಗೇಟಿನಲ್ಲಿ ಇಳಿದು ನಮ್ಮ ಹುಡುಗಿಯರು ಹೋಗುವ ಎಸ್‌ಎನ್‌ಡಿಟಿ ಎಂದರೆ ಅದೇ: ಶ್ರೀಮತಿ ನಾಥಿಬಾಯಿ ದಾಮೋದರ ಠಾಕರಸಿ.

ಆ ದೊಡ್ಡವರ ಹಣ ಅಫೀಮಿನದು ಎನ್ನುತ್ತಾರೆ. ಅಂಥ ಹಣವನ್ನು ಹೊಗಳಬಹುದೇ?

ಜೀಜೀಭಾಯ್ ಅವರ ಸಂಪತ್ತಿನ ದೊಡ್ಡ ಭಾಗ ಚೀನಾಕ್ಕೆ ಅಫೀಮು ಸಾಗಿಸಿದ್ದರಿಂದ ಬಂದದ್ದು. ಇದರಲ್ಲಿ ಮುಚ್ಚಿಡುವಂಥದ್ದೇನೂ ಇಲ್ಲ. ಅದೇ ಮನೆಯ ಹಣದಿಂದ ಆಸ್ಪತ್ರೆಯೂ ಆಯಿತು, ಅವರ ಪತ್ನಿ ಆವಾಬಾಯಿಯವರು ಕೊಟ್ಟ ಹಣದಿಂದ ಮಾಹಿಮ್‌ನ ದಾರಿಯೂ ಆಯಿತು. ಬಾಂದ್ರಾಕ್ಕೆ ಹೋಗುವಾಗ ನಾವೆಲ್ಲ ಅದರ ಮೇಲೆಯೇ ಹಾಯುತ್ತೇವೆ. ದಾನ ಪಾಪವನ್ನು ತೊಳೆಯುತ್ತದೆ ಎಂದು ನಾನು ನಂಬುವುದಿಲ್ಲ. ಪಾಪದ ಹಣದಿಂದ ಕಟ್ಟಿದ ಆಸ್ಪತ್ರೆಯಲ್ಲಿ ರೋಗಿ ಗುಣವಾಗುವುದಿಲ್ಲ ಎಂದೂ ನಂಬುವುದಿಲ್ಲ. ಎರಡನ್ನೂ ಒಂದೇ ಫಲಕದಲ್ಲಿ ಬರೆಯುವ ಧೈರ್ಯ ಸಂಸ್ಥೆಗಳಿಗೆ ಬರಬೇಕು. ನಮ್ಮ ಸಮಿತಿಯಲ್ಲಿ ಒಂದೇ ನಿಯಮವಿದೆ: ದಾನಿಯ ಮೇಲೆ ಹಣಕಾಸಿನ ಮೊಕದ್ದಮೆ ನಡೆಯುತ್ತಿದ್ದರೆ ಅದು ಮುಗಿಯುವವರೆಗೆ ಚೆಕ್ ಪಡೆಯುವುದಿಲ್ಲ. ಇದಕ್ಕಾಗಿ ಇಬ್ಬರ ಸಿಟ್ಟು ಕಟ್ಟಿಕೊಂಡಿದ್ದೇವೆ.

ಬೆಂಗಳೂರಿನ ಟಾಟಾ ಇನ್‌ಸ್ಟಿಟ್ಯೂಟಿಗೆ ಆ ಹೆಸರು ಹೇಗೆ ಬಂತು? ಅದಕ್ಕೂ ಮುಂಬೈಗೂ ಏನು ಸಂಬಂಧ?

ಭಾರತೀಯ ವಿಜ್ಞಾನ ಸಂಸ್ಥೆಯನ್ನು ಹಳೆಯ ಬೆಂಗಳೂರಿಗರು ಕರೆಯುವುದು ಹಾಗೆ. ಜಮ್ಷೆಟ್‌ಜಿ ಟಾಟಾ ಉನ್ನತ ವಿಜ್ಞಾನದ ಸಂಸ್ಥೆಯೊಂದಕ್ಕಾಗಿ ಮುಂಬೈಯಲ್ಲಿದ್ದ ತಮ್ಮ ಕಟ್ಟಡ, ಜಮೀನುಗಳನ್ನು ಕೊಡುವುದಾಗಿ 1898ರಲ್ಲಿ ಮುಂದೆ ಬಂದರು. ಬೆಲೆ ಆಗಿನ 30 ಲಕ್ಷ ರೂಪಾಯಿ. ಬ್ರಿಟಿಷ್ ಸರ್ಕಾರ ವರ್ಷಗಟ್ಟಲೆ ಮೀನಮೇಷ ಎಣಿಸಿತು. 1904ರಲ್ಲಿ ಟಾಟಾ ತೀರಿಕೊಂಡರು. ಮೈಸೂರು ಸಂಸ್ಥಾನ ಸುಮಾರು 371 ಎಕರೆ ಜಮೀನು ಕೊಟ್ಟಿತು, ಕೊನೆಗೆ ಭಾರತ ಸರ್ಕಾರವೂ ವಾರ್ಷಿಕ ಅನುದಾನಕ್ಕೆ ಒಪ್ಪಿತು, 1909ರಲ್ಲಿ ಸಂಸ್ಥೆ ಸ್ಥಾಪನೆಯಾಯಿತು. ಮುಂಬೈಯ ಬಾಡಿಗೆ, ಮೈಸೂರಿನ ಮಣ್ಣು, ಭಾರತ ಸರ್ಕಾರದ ಅನುದಾನ: ಮೂರರಲ್ಲಿ ಒಂದು ತಪ್ಪಿದ್ದರೂ ಸಂಸ್ಥೆ ಕಾಗದದಲ್ಲೇ ಉಳಿಯುತ್ತಿತ್ತು. ಟಾಟಾ ತಮ್ಮ ಸ್ವಂತ ಹೆಸರಿಡಬೇಕೆಂದು ಹಟ ಹಿಡಿಯಲಿಲ್ಲ, ಜನರೇ ಇಟ್ಟರು.

ಹಾಗೆಯೇ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ, ಸರ್ ದೋರಾಬ್‌ಜಿ ಟಾಟಾ ಟ್ರಸ್ಟಿನ ನೆರವಿನಿಂದ 1945ರಲ್ಲಿ ಆರಂಭವಾದದ್ದು ಬೆಂಗಳೂರಿನಲ್ಲಿ. ಅದೇ ವರ್ಷ ಮುಂಬೈಗೆ ಬಂತು. ಲೆಕ್ಕ ಚುಕ್ತಾ ಆಯಿತೆಂದು ನಾವು ಮುಂಬೈ ಕನ್ನಡಿಗರು ತಮಾಷೆ ಮಾಡುವುದುಂಟು.

ಮುಂಬೈ ಕನ್ನಡಿಗರು ಶಿಕ್ಷಣಕ್ಕೆ ಏನು ಮಾಡಿದ್ದಾರೆ?

ಸಂಘಗಳ ಪಟ್ಟಿ ಓದಿದರೆ ಬೇಸರ ಬಂದೀತು. ಮೊಗವೀರ ವ್ಯವಸ್ಥಾಪಕ ಮಂಡಳಿ 1902ರದು, ಮೈಸೂರು ಅಸೋಸಿಯೇಷನ್ 1926ರದು, ಬಂಟರ ಸಂಘ 1927ರದು, ಕರ್ನಾಟಕ ಸಂಘ 1933ರದು. ಸಭೆ, ಸನ್ಮಾನ, ಯಕ್ಷಗಾನ ಎಲ್ಲ ಇದ್ದವು. ಆದರೆ ಶಿಕ್ಷಣದ ವಿಷಯಕ್ಕೆ ಬಂದರೆ ಈ ಊರಿಗೆ ನಮ್ಮವರು ಕೊಟ್ಟ ದೊಡ್ಡ ವಸ್ತುವೆಂದರೆ ರಾತ್ರಿ ಶಾಲೆ ಎಂದು ನನ್ನ ಎಣಿಕೆ.

ಕರಾವಳಿಯಿಂದ ಹೊಟ್ಟೆಪಾಡಿಗೆ ಬಂದ ಹುಡುಗ ಉಡುಪಿ ಹೋಟೆಲಿನಲ್ಲಿ ಹಗಲೆಲ್ಲ ಮೇಜು ಒರೆಸಿ, ಲೋಟ ತೊಳೆದು, ಸಂಜೆ ಕೈಯ ಸಾಬೂನಿನ ವಾಸನೆ ಹೋಗುವ ಮೊದಲೇ ತರಗತಿಯಲ್ಲಿ ಕೂರುತ್ತಿದ್ದ. ಹಗಲು ಶಾಲೆಯ ಬೆಂಚುಗಳೇ ರಾತ್ರಿ ಇವನಿಗೆ. ಪಾಠ ಹೇಳುವವರು ಹಗಲು ಎಲ್ಲಿಯೋ ಗುಮಾಸ್ತರು. ಖರ್ಚೆಂದರೆ ದೀಪ, ಸೀಮೆಸುಣ್ಣ, ಒಬ್ಬ ಜವಾನನ ಸಂಬಳ. ಹಾಗೆ ಓದಿದವರಲ್ಲಿ ಬ್ಯಾಂಕಿನ ಅಧಿಕಾರಿಗಳಾದವರಿದ್ದಾರೆ, ವಕೀಲರಾದವರಿದ್ದಾರೆ, ಹೋಟೆಲುಗಳ ಮಾಲೀಕರಾದವರಂತೂ ಎಷ್ಟೋ ಮಂದಿ. ಅವರಲ್ಲಿ ಒಬ್ಬ ಹಿರಿಯರು ನಮ್ಮ ಸಮಿತಿಯ ಸಭೆಯಲ್ಲಿ ಹೇಳಿದ ಮಾತನ್ನು ನಾನು ಮರೆತಿಲ್ಲ. ತಮಗೆ ಸಿಕ್ಕ ಎಲ್ಲಕ್ಕಿಂತ ದೊಡ್ಡ ದಾನವೆಂದರೆ, ಸಂಜೆಯ ಗಿರಾಕಿಗಳು ಮುಗಿಬೀಳುವ ಹೊತ್ತಿನಲ್ಲಿ ಆರೂವರೆಗೆ ಗಲ್ಲಾಪೆಟ್ಟಿಗೆಯ ಹಿಂದಿನಿಂದ ಮಾಲೀಕರು ‘ಹೊರಡು ಮಾರಾಯ, ಶಾಲೆಗೆ ಹೊತ್ತಾಯಿತು’ ಎಂದದ್ದಂತೆ. ಆ ದಾನಕ್ಕೆ ರಸೀದಿ ಇಲ್ಲ, ತೆರಿಗೆ ವಿನಾಯಿತಿ ಇಲ್ಲ, ಯಾವ ಸ್ಮರಣಸಂಚಿಕೆಯಲ್ಲೂ ಅದರ ಫೋಟೋ ಇಲ್ಲ.

ಕಾಲೇಜಿನವರು ಡೊನೇಷನ್ ಕೇಳುತ್ತಿದ್ದಾರೆ. ಅದೂ ಶಿಕ್ಷಣಕ್ಕೆ ದಾನವಲ್ಲವೇ?

ಅಲ್ಲ. ಈ ಒಂದು ಪದ ನಮ್ಮ ಭಾಷೆಯಲ್ಲಿ ಪಟ್ಟ ಪಾಡನ್ನು ನೋಡಿ. ಮನಸ್ಸಿನಿಂದ ಕೊಟ್ಟರೆ ದೇಣಿಗೆ, ದತ್ತಿ, ದಾನ. ಸೀಟಿಗಾಗಿ ಕಿತ್ತುಕೊಂಡರೆ ಡೊನೇಷನ್. ಇಂಗ್ಲಿಷಿನ ಒಳ್ಳೆಯ ಪದವನ್ನು ನಾವು ಲಂಚದ ಹೆಸರಾಗಿ ಮಾಡಿಕೊಂಡೆವು. ಯಾವ ಹಳ್ಳಿಯ ಅಜ್ಜಿಯೂ ಈ ವ್ಯತ್ಯಾಸದಲ್ಲಿ ತಪ್ಪುವುದಿಲ್ಲ.

ಕರ್ನಾಟಕ 1984ರಲ್ಲಿ, ಮಹಾರಾಷ್ಟ್ರ 1987ರಲ್ಲಿ ಈ ಡೊನೇಷನ್ನನ್ನು, ಕಾನೂನಿನ ಮಾತಿನಲ್ಲಿ ಕ್ಯಾಪಿಟೇಷನ್ ಶುಲ್ಕವನ್ನು, ಕಾಯ್ದೆ ಮಾಡಿ ನಿಷೇಧಿಸಿದವು. 1992ರ ಮೋಹಿನಿ ಜೈನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದು ವಿದ್ಯೆಯ ಹಕ್ಕಿಗೇ ವಿರುದ್ಧವೆಂದಿತು. 2002ರ ಟಿ.ಎಂ.ಎ. ಪೈ ಫೌಂಡೇಷನ್ ತೀರ್ಪು ಖಾಸಗಿ ಸಂಸ್ಥೆಗಳ ಸ್ವಾಯತ್ತತೆಯನ್ನು ಎತ್ತಿಹಿಡಿದು, ಬೆಳವಣಿಗೆಗೆ ಬೇಕಾದಷ್ಟು ಮಿಗತೆ ಇರಬಹುದು, ಲಾಭಕೋರತನ ಕೂಡದು ಎಂದಿತು. 2005ರ ಇನಾಮ್‌ದಾರ್ ತೀರ್ಪಿನಲ್ಲೂ ಅದೇ ಮಾತು. ಗಮನಿಸಿ: ಮೂರರಲ್ಲಿ ಎರಡು ಮೊಕದ್ದಮೆಗಳು ಕರ್ನಾಟಕದವು, ಮೂರನೆಯದು ಮಹಾರಾಷ್ಟ್ರದ್ದು. ಖಾಸಗಿ ಕಾಲೇಜುಗಳಲ್ಲೂ ನಾವು ಮುಂದು, ಅವುಗಳ ವ್ಯಾಜ್ಯಗಳಲ್ಲೂ ಮುಂದು.

ಕೇಳಿದರೆ ಏನು ಮಾಡಬೇಕು? ರಸೀದಿ ಕೇಳಿ, ಯಾವ ಲೆಕ್ಕದ ಶುಲ್ಕವೆಂದು ಬರೆದುಕೊಡಲು ಹೇಳಿ. ಬರೆದುಕೊಡಲು ಹಿಂಜರಿದರೆ ಅದು ಏನೆಂದು ನಿಮಗೂ ಗೊತ್ತು, ಅವರಿಗೂ ಗೊತ್ತು. ಅಂಥ ಹಣಕ್ಕೆ ನಮ್ಮ ನಿಧಿಯಿಂದ ನೆರವು ಸಿಗುವುದಿಲ್ಲ.

ತಂದೆಯವರ ಹೆಸರಿನಲ್ಲಿ ದತ್ತಿನಿಧಿ ಇಡಬೇಕೆಂದಿದ್ದೇನೆ. ಎಷ್ಟಿಟ್ಟರೆ ಸರಿ?

ಮೊದಲು ನಮ್ಮ ಹಳೆಯ ಪಟ್ಟಿ ನೋಡಿ. ಅದರಲ್ಲಿ ನಲವತ್ತು ವರ್ಷದ ಹಿಂದೆ ಇಟ್ಟ 5,000 ರೂಪಾಯಿಯ ದತ್ತಿಯೊಂದಿದೆ. ಆಗ ಅದು ದೊಡ್ಡ ಮೊತ್ತ. ಬಡ್ಡಿಯಲ್ಲಿ ಒಬ್ಬ ಹುಡುಗನ ಇಡೀ ವರ್ಷದ ಪುಸ್ತಕ ಬರುತ್ತಿತ್ತು. ಇಂದು ಶೇಕಡ 7ರ ಲೆಕ್ಕದಲ್ಲಿ ವರ್ಷಕ್ಕೆ 350 ರೂಪಾಯಿ. ಪ್ರತಿವರ್ಷ ವೇದಿಕೆಯಲ್ಲಿ ಆ ಹಿರಿಯರ ಹೆಸರು ಹೇಳಿ 350 ರೂಪಾಯಿಯ ಲಕೋಟೆ ಕೊಡುವಾಗ ನನಗೆ ನಾಚಿಕೆಯಾಗುತ್ತದೆ; ಕೈಚಾಚಿದ ಹುಡುಗನಿಗೂ ಆಗುತ್ತಿರಬೇಕು. ಇಡುಗಂಟು ಮುಟ್ಟುವಂತಿಲ್ಲ, ಬಡ್ಡಿ ಮಾತ್ರ ಖರ್ಚು ಎಂಬ ಷರತ್ತೇ ಅದನ್ನು ಕೊಂದಿತು. ಬೆಲೆಗಳು ಏರಿದವು, ಗಂಟು ಹಾಗೆಯೇ ಕೂತಿತು.

ನನ್ನ ಸಲಹೆ ಎರಡು. ಬಡ್ಡಿಯಲ್ಲಿ ಮೂರನೆಯ ಒಂದು ಪಾಲನ್ನು ಪ್ರತಿವರ್ಷ ಗಂಟಿಗೇ ಸೇರಿಸಬೇಕೆಂದು ದತ್ತಿಪತ್ರದಲ್ಲಿ ಬರೆಯಿರಿ. ಅಥವಾ ಶಾಶ್ವತದ ಆಸೆ ಬಿಟ್ಟು, ಹತ್ತು ವರ್ಷದಲ್ಲಿ ಅಸಲು ಬಡ್ಡಿ ಎರಡೂ ತೀರಿಹೋಗುವಂತೆ ಕೊಡಿ. ಹತ್ತು ಲಕ್ಷ ರೂಪಾಯಿಯನ್ನು ಶಾಶ್ವತವಾಗಿ ಇಟ್ಟರೆ ವರ್ಷಕ್ಕೆ ಎಪ್ಪತ್ತು ಸಾವಿರದಷ್ಟು ಬರುತ್ತದೆ. ಹತ್ತು ವರ್ಷದಲ್ಲಿ ಮುಗಿಸಿದರೆ ವರ್ಷಕ್ಕೆ ಒಂದು ಲಕ್ಷ ನಲವತ್ತು ಸಾವಿರದ ಆಸುಪಾಸು, ಎಂದರೆ ಎರಡು ಪಟ್ಟು ಮಕ್ಕಳು. ತಂದೆಯವರ ಹೆಸರು ಫಲಕದಿಂದ ಹೋದೀತು, ಅಷ್ಟೇ.

ವಿದ್ಯಾರ್ಥಿವೇತನ ಕೊಡುವುದು ಮೇಲೋ, ಸಾಲ ಕೊಡುವುದು ಮೇಲೋ?

ಜೆ.ಎನ್. ಟಾಟಾ ದತ್ತಿ 1892ರಲ್ಲಿ ಆರಂಭವಾದಾಗಲೇ ವಿದೇಶಕ್ಕೆ ಓದಲು ಹೋಗುವವರಿಗೆ ಸಾಲದ ರೂಪದಲ್ಲಿ ನೆರವು ಕೊಡುವ ದಾರಿ ಹಿಡಿಯಿತು. ನಮ್ಮ ಅಣುವಿಜ್ಞಾನಿ ರಾಜಾ ರಾಮಣ್ಣ, ರಾಷ್ಟ್ರಪತಿಯಾದ ಕೆ.ಆರ್. ನಾರಾಯಣನ್ ಅದರ ನೆರವು ಪಡೆದವರು. ಒಬ್ಬ ಹಿಂದಿರುಗಿಸಿದ ಹಣ ಇನ್ನೊಬ್ಬನಿಗೆ ಹೋಗುತ್ತದೆ. ವೃತ್ತಿಶಿಕ್ಷಣಕ್ಕೆ ಇದು ಚೆನ್ನ. ಆದರೆ ಹನ್ನೊಂದನೆಯ ತರಗತಿಯ ಹುಡುಗಿಗೆ, ಅದೂ ಮನೆಯಲ್ಲಿ ಈಗಾಗಲೇ ಬಡ್ಡಿ ಸಾಲ ಇರುವವಳಿಗೆ, ಸಾಲದ ಕಾಗದ ತೋರಿಸಬಾರದು.

ಶಾಲೆಗೆ ಹೊಸ ಕೊಠಡಿ ಕಟ್ಟಿಸಿಕೊಡುತ್ತೇನೆ, ಕಂಪ್ಯೂಟರ್ ಕೊಡಿಸುತ್ತೇನೆ ಎಂದರೆ ನೀವು ಉತ್ಸಾಹ ತೋರಿಸುವುದಿಲ್ಲವೇಕೆ?

ಈ ದೂರು ನನ್ನ ಮೇಲೆ ಬಹಳ ಇದೆ. ಒಮ್ಮೆ ನಾವು ಒಂದು ಶಾಲೆಗೆ ಹನ್ನೆರಡು ಕಂಪ್ಯೂಟರ್ ಕೊಡಿಸಿದೆವು. ರಿಬ್ಬನ್ ಕತ್ತರಿಸಿದ್ದಾಯಿತು, ಗೋಡೆಗೆ ಫಲಕ ಬಂತು. ಎರಡು ವರ್ಷದ ಮೇಲೆ ಹೋದರೆ ಹನ್ನೆರಡೂ ಪ್ಲಾಸ್ಟಿಕ್ ಹೊದ್ದು ಮಲಗಿದ್ದವು. ಹೇಳಿಕೊಡುವ ಶಿಕ್ಷಕಿಗೆ ಸಂಬಳ ಯಾರ ಲೆಕ್ಕದಲ್ಲೂ ಇರಲಿಲ್ಲ. ವಿದ್ಯುತ್ ಬಿಲ್ಲಿನ ಭಯಕ್ಕೆ ಮುಖ್ಯೋಪಾಧ್ಯಾಯರು ಕೋಣೆಗೆ ಬೀಗ ಹಾಕಿದ್ದರು. ತಪ್ಪು ಶಾಲೆಯದಲ್ಲ, ನಮ್ಮದು. ವಸ್ತು ಕೊಟ್ಟೆವು, ಅದನ್ನು ನಡೆಸುವ ಖರ್ಚು ಕೊಡಲಿಲ್ಲ.

ನಮ್ಮ ಹಿಂದಿನವರಿಗೆ ಇದು ಗೊತ್ತಿತ್ತು. ವಿಜಯಪುರ ಜಿಲ್ಲೆಯ ಸಾಲೋಟಗಿಯಲ್ಲಿ ಕ್ರಿ.ಶ. 945ರ ಶಾಸನವಿದೆ, ರಾಷ್ಟ್ರಕೂಟ ಮೂರನೆಯ ಕೃಷ್ಣನ ಕಾಲದ್ದು. ಮಂತ್ರಿ ನಾರಾಯಣ ಅಲ್ಲೊಂದು ವಿದ್ಯಾಶಾಲೆ ಕಟ್ಟಿಸಿದ; ದೇಶದೇಶಗಳಿಂದ ಬಂದ ವಿದ್ಯಾರ್ಥಿಗಳು ಉಳಿಯಲು 27 ಮನೆಗಳಿದ್ದವು. ಕಟ್ಟಡ ಕಟ್ಟಿಸಿ ಕೈತೊಳೆದುಕೊಳ್ಳಲಿಲ್ಲ. ಉಪಾಧ್ಯಾಯನ ಜೀವನಕ್ಕೆ 50 ನಿವರ್ತನ (ಆಗಿನ ನೆಲದ ಅಳತೆ) ಭೂಮಿ, ದೀಪದ ಎಣ್ಣೆಗೆಂದೇ 12 ನಿವರ್ತನ ಬೇರೆ. ಊರಿನವರೂ ತಮ್ಮ ಮನೆಯ ಮದುವೆ, ಉಪನಯನ, ಚೌಲಗಳಿಗೆ ಇಂತಿಷ್ಟು ನಾಣ್ಯ ಶಾಲೆಗೆ ಕೊಡಬೇಕೆಂದು ಒಪ್ಪಿಕೊಂಡರು. ಸಾವಿರ ವರ್ಷದ ಹಿಂದೆ ದೀಪದ ಎಣ್ಣೆಗೆ ಹೊಲ ಬರೆದಿಟ್ಟ ನಾಡಿನವರು ನಾವು. ಇಂದು ವಿದ್ಯುತ್ ಬಿಲ್ಲಿಗೆ ದಾನ ಕೇಳಿದರೆ ಮುಖ ತಿರುಗಿಸುತ್ತೇವೆ, ಬಿಲ್ಲಿನ ಮೇಲೆ ಹೆಸರು ಕೆತ್ತಿಸಲು ಬರುವುದಿಲ್ಲವೆಂದು.

ಕಟ್ಟಡವಿಲ್ಲದೆಯೂ ದೊಡ್ಡ ಕೆಲಸ ನಡೆದದ್ದನ್ನು ಈ ಮುಂಬೈಯೇ ನೋಡಿದೆ. 1995ರ ಸುಮಾರಿಗೆ ಇಲ್ಲಿನ ಜೋಪಡಿಪಟ್ಟಿಗಳಲ್ಲಿ ಆರಂಭವಾದ ‘ಪ್ರಥಮ್’ ಸಂಸ್ಥೆ ತನ್ನ ಬಾಲವಾಡಿಗಳನ್ನು ಗುಡಿ, ಯಾರದೋ ಮನೆಯ ಮುಂಗಟ್ಟು, ಸಿಕ್ಕಿದ ಮೂಲೆಯಲ್ಲಿ ನಡೆಸಿತು. ಹಣ ಹೋದದ್ದು ಅದೇ ಓಣಿಯ ಹೆಣ್ಣುಮಕ್ಕಳನ್ನು ಕಲಿಸಲು ತಯಾರು ಮಾಡುವುದಕ್ಕೆ. 2005ರಿಂದ ಅವರೇ ನಡೆಸಿದ ‘ಅಸರ್’ ಸಮೀಕ್ಷೆ, ಹಳ್ಳಿಗಾಡಿನ ಐದನೆಯ ತರಗತಿಯ ಮಕ್ಕಳಲ್ಲಿ ಅರ್ಧದಷ್ಟು ಮಂದಿ ಎರಡನೆಯ ತರಗತಿಯ ಪಾಠವನ್ನು ಓದಲಾರರು ಎಂಬುದನ್ನು ಮತ್ತೆ ಮತ್ತೆ ಎದುರಿಗಿಟ್ಟಿತು. ಕೊಠಡಿಗಳಿದ್ದವು, ಓದು ಬಂದಿರಲಿಲ್ಲ.

ಆದ್ದರಿಂದ ಕೊಠಡಿ ಕಟ್ಟಿಸುವವರಿಗೆ ನಮ್ಮ ಷರತ್ತು: ಕಟ್ಟಡಕ್ಕೆ ಎಷ್ಟು ಕೊಡುತ್ತೀರೋ ಅದರ ಅರ್ಧದಷ್ಟನ್ನು ಸಂಬಳ ಮತ್ತು ದುರಸ್ತಿಗೆ ಇಡಬೇಕು. ಹತ್ತರಲ್ಲಿ ಎಂಟು ಮಂದಿ ಇದನ್ನು ಕೇಳಿ ಚಹಾ ಕುಡಿದು ಹೋಗುತ್ತಾರೆ. ಉಳಿದ ಇಬ್ಬರು ಸಾಕು.

ನಿಮ್ಮ ನೆರವು ಎಲ್ಲ ಕನ್ನಡಿಗರಿಗೋ, ಯಾವುದಾದರೂ ಸಮಾಜದವರಿಗೆ ಮಾತ್ರವೋ?

ನಮ್ಮದು ಭಾಷೆಯ ಸಂಘ, ಜಾತಿ ಕೇಳುವುದಿಲ್ಲ. ಮುಂಬೈಯಲ್ಲಿ ಸಮಾಜದ ಸಂಘಗಳು ಹುಟ್ಟಿದ್ದನ್ನು ನಾನು ತಪ್ಪೆನ್ನುವುದಿಲ್ಲ. ಗೊತ್ತುಗುರಿಯಿಲ್ಲದ ಊರಿನಲ್ಲಿ ಮಲಗಲು ಜಾಗ, ಕೆಲಸ, ಶಾಲೆ ಎಲ್ಲವನ್ನೂ ಹುಡುಕಿಕೊಟ್ಟದ್ದು ಊರಿನವರೆಂಬ ನಂಟು. ಆದರೆ ಅದರಲ್ಲಿ ಒಂದು ತೊಡಕಿದೆ. ಶ್ರೀಮಂತರಿರುವ ಸಮಾಜದ ನಿಧಿ ದೊಡ್ಡದು, ಬಡವರೇ ತುಂಬಿದ ಸಮಾಜದ ನಿಧಿ ಸಣ್ಣದು. ಹೀಗೆ ಹೆಚ್ಚು ಬೇಕಾದವರಿಗೆ ಕಡಿಮೆ ಸಿಗುತ್ತದೆ. ತೆರಿಗೆ ಕಾನೂನಿಗೂ ಇದು ಸೇರದು. 1961ರ ಆದಾಯ ತೆರಿಗೆ ಕಾಯ್ದೆ ಜಾರಿಗೆ ಬಂದ ಮೇಲೆ ಹುಟ್ಟಿದ, ಒಂದೇ ಮತ ಅಥವಾ ಜಾತಿಯ ಹಿತಕ್ಕೆ ಮೀಸಲಾದ ಧರ್ಮಾರ್ಥ ಟ್ರಸ್ಟಿಗೆ ಅದು ವಿನಾಯಿತಿ ಕೊಡಲಿಲ್ಲ. ಪರಿಶಿಷ್ಟ ಜಾತಿ, ಪಂಗಡ, ಹಿಂದುಳಿದ ವರ್ಗ, ಮಹಿಳೆಯರು ಮತ್ತು ಮಕ್ಕಳ ಹಿತಕ್ಕೆ ಇರುವ ಟ್ರಸ್ಟುಗಳನ್ನು ಮಾತ್ರ ಈ ನಿರ್ಬಂಧದಿಂದ ಬಿಟ್ಟಿತು.

ತೆರಿಗೆ ವಿನಾಯಿತಿ ಸಿಗುತ್ತದೆಯೇ?

ಹಳೆಯ ತೆರಿಗೆ ಪದ್ಧತಿ ಆರಿಸಿಕೊಂಡವರಿಗೆ, ಜನ ‘80ಜಿ’ ಎಂದು ಕರೆಯುವ ಸೌಲಭ್ಯದಂತೆ ಸಾಮಾನ್ಯವಾಗಿ ಕೊಟ್ಟದ್ದರ ಅರ್ಧದಷ್ಟಕ್ಕೆ, ಮಿತಿಯೊಳಗೆ. ಹೊಸ ಪದ್ಧತಿಯಲ್ಲಿ ಇಲ್ಲ. 2,000 ರೂಪಾಯಿಗಿಂತ ಹೆಚ್ಚಿನ ನಗದಿಗೆ ಇಲ್ಲ. ಸಂಸ್ಥೆ ನಿಮ್ಮ ಪ್ಯಾನ್ ಸಹಿತ ಇಲಾಖೆಗೆ ವಿವರ ಸಲ್ಲಿಸಿ ಪ್ರಮಾಣಪತ್ರ ಕೊಡಬೇಕು. ಆದ್ದರಿಂದ ರಸೀದಿ ಪುಸ್ತಕದ ಹಿಂದಿನ ತಾರೀಖಿನ ಹಾಳೆ ಹರಿದುಕೊಡಿ ಎಂದು ಮಾರ್ಚ್ ಕೊನೆಯಲ್ಲಿ ಯಾರೂ ಫೋನ್ ಮಾಡಬೇಡಿ.

ಮಗ ಅಮೆರಿಕದಲ್ಲಿದ್ದಾನೆ. ಅವನು ಕಳಿಸಬಹುದೇ?

ಭಾರತದ ಪೌರತ್ವ ಉಳಿಸಿಕೊಂಡಿದ್ದು, ತನ್ನ ದುಡಿಮೆಯ ಹಣವನ್ನು ಬ್ಯಾಂಕಿನ ಮೂಲಕ ಕಳಿಸಿದರೆ ಕಳಿಸಬಹುದು. ಅಲ್ಲಿನ ಪೌರನಾಗಿದ್ದರೆ ಅದು ವಿದೇಶಿ ದೇಣಿಗೆ; 2010ರ ವಿದೇಶಿ ದೇಣಿಗೆ ಕಾಯ್ದೆಯ ನೋಂದಣಿ ಇರುವ ಸಂಸ್ಥೆಗಷ್ಟೇ ಪಡೆಯಲು ಅಧಿಕಾರ. ನಮಗೆ ಆ ನೋಂದಣಿ ಇಲ್ಲ. ಊರಿಗೆ ಬಂದಾಗ ಅಜ್ಜನ ಕೈಗೆ ಕೊಟ್ಟು ಅಜ್ಜನ ಹೆಸರಲ್ಲಿ ಕೊಡಿಸುವ ಉಪಾಯವನ್ನು ನಮಗೆ ಹೇಳಬೇಡಿ.

ಕಂಪನಿಗಳ ಸಿಎಸ್‌ಆರ್ (ಸಾಮಾಜಿಕ ಹೊಣೆಗಾರಿಕೆ) ಹಣ ತರಬಹುದಲ್ಲ?

ತರಬಹುದು, ತಂದಿದ್ದೇವೆ. 2013ರ ಕಂಪನಿ ಕಾಯ್ದೆಯ ಪ್ರಕಾರ 500 ಕೋಟಿ ನಿವ್ವಳ ಆಸ್ತಿ, 1,000 ಕೋಟಿ ವಹಿವಾಟು ಅಥವಾ 5 ಕೋಟಿ ನಿವ್ವಳ ಲಾಭವಿರುವ ಕಂಪನಿ, ಹಿಂದಿನ ಮೂರು ವರ್ಷಗಳ ಸರಾಸರಿ ಲಾಭದ ಶೇಕಡ 2ರಷ್ಟನ್ನು ಸಮಾಜಕ್ಕೆ ಖರ್ಚು ಮಾಡಬೇಕು. ಇದನ್ನು ದಾನ ಎನ್ನಲು ನನ್ನ ನಾಲಿಗೆ ಏಳುವುದಿಲ್ಲ. ಕಾನೂನು ಹೇಳಿದ್ದಕ್ಕೆ ಕೊಡುವುದು ಕರ್ತವ್ಯ. ಹಣ ದೊಡ್ಡದು, ಆದರೆ ಅದರ ಕಣ್ಣು ಮಾರ್ಚ್ 31ರ ಮೇಲೆ, ಮತ್ತು ಎಣಿಸಲು ಬರುವ ವಸ್ತುಗಳ ಮೇಲೆ: ಎಷ್ಟು ಬೆಂಚು, ಎಷ್ಟು ಬ್ಯಾಗು. ಕಂಪನಿಗಳು ಕಾರ್ಖಾನೆ, ಕಚೇರಿ ಇರುವ ಕಡೆಯೇ ಹೆಚ್ಚು ಖರ್ಚು ಮಾಡುವುದರಿಂದ ಮಹಾರಾಷ್ಟ್ರಕ್ಕೆ ಬಂದಷ್ಟು ಬೇರೆ ರಾಜ್ಯಗಳಿಗೆ ಹೋಗುವುದಿಲ್ಲ. ಮುಂಬೈಯಲ್ಲಿ ಕುಳಿತ ನಾವು ಇದನ್ನು ದೂರುವಂತಿಲ್ಲ, ರಾಯಚೂರಿನವರು ದೂರಬಹುದು.

ಒಂದು ಸಂಸ್ಥೆಯನ್ನು ನಂಬಬಹುದೇ ಎಂದು ತಿಳಿಯುವುದು ಹೇಗೆ?

ಮಹಾರಾಷ್ಟ್ರದಲ್ಲಿ ಇದು ಕೊಂಚ ಸುಲಭ. 1950ರ ಸಾರ್ವಜನಿಕ ವಿಶ್ವಸ್ಥ ಸಂಸ್ಥೆಗಳ ಕಾಯ್ದೆಯಂತೆ ಟ್ರಸ್ಟುಗಳು ಧರ್ಮಾದಾಯ ಆಯುಕ್ತರಲ್ಲಿ ನೋಂದಣಿಯಾಗಿ ಪ್ರತಿವರ್ಷ ಲೆಕ್ಕ ಕೊಡಬೇಕು. ಮುಂಬೈಯಲ್ಲಿ ಅವರ ಕಚೇರಿ ವರ್ಲಿಯಲ್ಲಿದೆ. ವಿಶ್ವಸ್ಥರು ಬದಲಾದರೆ 90 ದಿನದೊಳಗೆ ವರದಿ ಮಾಡಬೇಕು, ಅನುಮತಿಯಿಲ್ಲದೆ ಆಸ್ತಿ ಮಾರುವಂತಿಲ್ಲ. ನೋಂದಣಿ ಸಂಖ್ಯೆ ಕೇಳಿ. ಮೂರು ವರ್ಷದ ಆಯವ್ಯಯ ಕೇಳಿ. ಸಮಾರಂಭದ ಖರ್ಚನ್ನೂ ವಿದ್ಯಾರ್ಥಿಗಳಿಗೆ ಹೋದದ್ದನ್ನೂ ಅಕ್ಕಪಕ್ಕ ಇಟ್ಟು ನೋಡಿ. ಶಾಲು, ಹಾರ, ಹಣ್ಣಿನ ಬುಟ್ಟಿಗಳ ಮೊತ್ತ ಪುಸ್ತಕಗಳ ಮೊತ್ತವನ್ನು ಮೀರಿದ್ದರೆ ಚೆಕ್ ಪುಸ್ತಕವನ್ನು ಜೇಬಿಗೆ ಹಾಕಿಕೊಳ್ಳಿ.

ವೇದಿಕೆಯ ಮೇಲೆ ಮಕ್ಕಳಿಗೆ ಚೆಕ್ ಕೊಡುವ ಕಾರ್ಯಕ್ರಮ ನಿಲ್ಲಿಸಿದ್ದೇಕೆ?

ಒಬ್ಬ ಹುಡುಗಿ ಚೆಕ್ ಬೇಡವೆಂದು ಬರೆದಳು. ಹಿಂದಿನ ವರ್ಷದ ಫೋಟೋ ಅವಳ ಕಾಲೇಜಿನ ವಾಟ್ಸಾಪ್ ಗುಂಪಿಗೆ ಹೋಗಿತ್ತು. ಈಗ ಹಣ ನೇರವಾಗಿ ಖಾತೆಗೆ ಹೋಗುತ್ತದೆ. ಸಭಿಕರು ಕಡಿಮೆಯಾದರು, ದಾನಿಗಳೂ ಕೊಂಚ ಕಡಿಮೆಯಾದರು. ಅರ್ಜಿಗಳು ಮಾತ್ರ ಹೆಚ್ಚಿವೆ.

ಕನ್ನಡ ಶಾಲೆಗಳಲ್ಲಿ ಮಕ್ಕಳೇ ಇಲ್ಲ. ದಾನಿಗಳು ಕಟ್ಟಿಸಿದ ಕಟ್ಟಡಗಳ ಗತಿಯೇನು?

ಮುಂಬೈ ಮಹಾನಗರಪಾಲಿಕೆ ಎಂಟು ಭಾಷೆಗಳಲ್ಲಿ ಶಾಲೆ ನಡೆಸಿಕೊಂಡು ಬಂದಿದೆ; ಕನ್ನಡ ಅವುಗಳಲ್ಲೊಂದು. ಖಾಸಗಿ ಕನ್ನಡ ಶಾಲೆಗಳೂ ಇದ್ದವು, ಕೆಲವು ಇವೆ. ಆದರೆ ಕನ್ನಡದಲ್ಲಿ ಓದಿ ಮೇಲೆ ಬಂದವರೇ ತಮ್ಮ ಮಕ್ಕಳನ್ನು ಇಂಗ್ಲಿಷಿಗೆ ಕಳಿಸಿದರು; ನಾನೂ ಕಳಿಸಿದೆ. ಖಾಲಿಯಾದ ಕಟ್ಟಡವನ್ನು ಮಾರಿ ಹಂಚಿಕೊಳ್ಳಲು ಕಾನೂನು ಬಿಡುವುದಿಲ್ಲ. ಮೂಲ ಉದ್ದೇಶ ಅಸಾಧ್ಯವಾದಾಗ ಅದಕ್ಕೆ ಆದಷ್ಟು ಹತ್ತಿರದ ಉದ್ದೇಶಕ್ಕೆ ಬಳಸಬೇಕು, ಅದಕ್ಕೂ ಅಪ್ಪಣೆ ಬೇಕು. ನನ್ನ ಮಟ್ಟಿಗೆ ಉತ್ತರ ಸರಳ: ರಾತ್ರಿಯೆಲ್ಲ ತೆರೆದಿರುವ ಅಭ್ಯಾಸಿಕೆ, ಎಂದರೆ ಕೂತು ಓದುವ ಕೋಣೆ. ಹತ್ತಡಿ ಕೋಣೆಯಲ್ಲಿ ಆರು ಜನ ಮಲಗುವ ಮನೆಯ ಹುಡುಗನಿಗೆ ಒಂದು ಮೇಜು, ಒಂದು ಫ್ಯಾನು, ಒಂದು ದೀಪ. ಯಾವ ಭಾಷೆಯ ಹುಡುಗನಾದರೂ ಬರಲಿ.

ನನ್ನ ಹತ್ತಿರ ಕೊಡುವಷ್ಟು ಹಣವಿಲ್ಲ. ಏನು ಮಾಡಬಹುದು?

ರಯತ ಶಿಕ್ಷಣ ಸಂಸ್ಥೆಯನ್ನು 1919ರಲ್ಲಿ ಕಟ್ಟಿದ ಭಾವುರಾವ್ ಪಾಟೀಲರ ಹತ್ತಿರವೂ ಇರಲಿಲ್ಲ. ವಸತಿಗೃಹದ ಹುಡುಗರ ಊಟಕ್ಕೆ ಅವರ ಪತ್ನಿ ಲಕ್ಷ್ಮೀಬಾಯಿ ಮೈಮೇಲಿನ ಒಡವೆ ಮಾರಿದರು. ಅಷ್ಟನ್ನು ಯಾರಿಂದಲೂ ಕೇಳುತ್ತಿಲ್ಲ. ಶನಿವಾರ ಎರಡು ಗಂಟೆ ಗಣಿತ ಹೇಳಿಕೊಡುವವರು ನಮಗೆ ಬೇಕು. ಅರ್ಜಿ ತುಂಬಲು ಬಾರದ ತಾಯಂದಿರ ಪಕ್ಕ ಕೂತು ತುಂಬಿಕೊಡುವವರು ಬೇಕು. ಅವರಿಗೆ ಮರಾಠಿಯೂ ಬರಬೇಕು.

ಹಳೆಯ ಪಠ್ಯಪುಸ್ತಕ, ಬಟ್ಟೆ ತಂದುಕೊಡಬಹುದೇ?

ಬಟ್ಟೆ ಬೇಡ, ಇಡಲು ಜಾಗವಿಲ್ಲ. ಪುಸ್ತಕಗಳನ್ನು ಮೇ ತಿಂಗಳ ಕೊನೆಯ ಭಾನುವಾರದೊಳಗೆ ತನ್ನಿ. ಪಠ್ಯ ಬದಲಾಗಿದೆಯೇ ಎಂದು ನೋಡಿಕೊಂಡು ಬನ್ನಿ, ಒಳಗಿನ ಉತ್ತರಗಳನ್ನು ರಬ್ಬರಿನಿಂದ ಅಳಿಸಿ ತನ್ನಿ. ಕಳೆದ ವರ್ಷ ಮೂರು ಸಂಜೆ ಅದನ್ನೇ ಮಾಡುತ್ತಾ ಕೂತಿದ್ದೆವು.